ಪದ್ಯವಿಲ್ಲದ ಪಾತ್ರ, ಬರೆದಿಡದ ಮಾತು: ಹೊಸನಗರ ಮೇಳದ ಹಾಸ್ಯಗಾರ ಬಂಟ್ವಾಳ ಜಯರಾಮ ಆಚಾರ್ಯ

ಹೊಸನಗರ: ಘಟ್ಟದ ಮೇಲಿನ ಈ ತಾಲೂಕಿನ ಹೆಸರನ್ನು ಕರಾವಳಿಯ ಹಳ್ಳಿಹಳ್ಳಿಗೆ ಕೊಂಡೊಯ್ದದ್ದು ಒಂದು ಯಕ್ಷಗಾನ ಮೇಳ. ಶ್ರೀ ರಾಮಚಂದ್ರಾಪುರ ಮಠದ ಆಶ್ರಯದಲ್ಲಿ ತಿರುಗಾಟ ನಡೆಸಿದ ಆ ಮೇಳವನ್ನು ಜನರು ‘ಹೊಸನಗರ ಮೇಳ’ ಎಂದೇ ಕರೆದರು. ಅದರ ರಂಗಸ್ಥಳದಲ್ಲಿ ನಗೆಯ ಹೊಣೆ ಹೊತ್ತವರಲ್ಲಿ ಪ್ರಮುಖರಾಗಿದ್ದ ಬಂಟ್ವಾಳ ಜಯರಾಮ ಆಚಾರ್ಯರು 2024ರ ಅಕ್ಟೋಬರ್‌ನಲ್ಲಿ, ತಮ್ಮ 67ನೇ ವಯಸ್ಸಿನಲ್ಲಿ, ಬೆಂಗಳೂರಿನಲ್ಲಿ ನಿಧನರಾದರು. ಆಟಕ್ಕೆಂದು ರಾಜಧಾನಿಗೆ ಹೋಗಿದ್ದವರು ಮರಳಲಿಲ್ಲ. ದೀಪಾವಳಿ ಕಳೆದು ಮೇಳಗಳು ಹೊಸ ತಿರುಗಾಟಕ್ಕೆ ಹೊರಡಲು ಕೆಲವೇ ವಾರಗಳು ಉಳಿದಿದ್ದವು.

ನಾಲ್ಕು ದಶಕಗಳಿಗೂ ಮಿಕ್ಕಿದ ಅವರ ವೃತ್ತಿಜೀವನವನ್ನು ನೆನೆಯುವಾಗ ಒಂದು ತೊಡಕು ಎದುರಾಗುತ್ತದೆ. ಭಾಗವತರೊಬ್ಬರು ಅಗಲಿದರೆ ಅವರು ಹಾಡಿದ ಪದ್ಯಗಳು ಪ್ರಸಂಗದ ಪುಸ್ತಕದಲ್ಲಿ ಉಳಿದಿರುತ್ತವೆ. ಅರ್ಥಧಾರಿಯೊಬ್ಬರು ಅಗಲಿದರೆ ಅವರು ಅರ್ಥ ಹೇಳಿದ ಪದ್ಯಗಳು ಇರುತ್ತವೆ. ಮುಂದಿನವರು ಅದೇ ಪದ್ಯಕ್ಕೆ ತಮ್ಮ ಅರ್ಥ ಹೇಳುತ್ತಾರೆ. ಹಾಸ್ಯಗಾರನ ಪಾಲಿಗೆ ಅಂಥ ಆಸರೆ ಬಹಳ ಕಡಿಮೆ. ಅನೇಕ ಪ್ರಸಂಗಗಳಲ್ಲಿ ಅವನ ಪಾತ್ರಕ್ಕೆ ಒಂದೆರಡು ಪದ್ಯಗಳಿದ್ದರೆ ಹೆಚ್ಚು. ಕೆಲವು ಪಾತ್ರಗಳ ಹೆಸರೂ ಪುಸ್ತಕದಲ್ಲಿ ಇರುವುದಿಲ್ಲ. ಅವನು ಆಡುವ ಮಾತೆಲ್ಲ ಅವನದೇ. ಆದ್ದರಿಂದ ಅವನೊಡನೆ ಹೋಗುವುದೂ ಹೆಚ್ಚು.

ಬಡಗಿನ ನಾಡಿನ ಹೆಸರು, ತೆಂಕಿನ ಮೇಳ

ಸಾಗರ, ಹೊಸನಗರ, ತೀರ್ಥಹಳ್ಳಿ ಸೀಮೆಯ ಪ್ರೇಕ್ಷಕರಿಗೆ ಹೆಚ್ಚು ಪರಿಚಿತವಾದದ್ದು ಬಡಗುತಿಟ್ಟು. ಸಾಗರ ತಾಲೂಕಿನ ಸಿಗಂದೂರು ಕ್ಷೇತ್ರದ ಹೆಸರಿನ ಮೇಳ ಇದೇ ತಿಟ್ಟಿನದು. ಉತ್ತರ ಕನ್ನಡದಿಂದ ಸಾಗರಕ್ಕೆ, ಕುಂದಾಪುರದ ಕಡೆಯಿಂದ ಹುಲಿಕಲ್ ಘಾಟಿಯ ಮೂಲಕ ಹೊಸನಗರಕ್ಕೆ ಬರುತ್ತಿದ್ದ ಮೇಳಗಳೂ ಬಡಗಿನವೇ. ಚೆಂಡೆಯ ನಾದ, ಕೇದಗೆ ಮುಂದಲೆ, ಕುಣಿತದ ಹೆಜ್ಜೆ ಎಲ್ಲದರಲ್ಲೂ ಬಡಗಿನ ರೀತಿ ತೆಂಕಿನದಕ್ಕಿಂತ ಬೇರೆ.

ಹೊಸನಗರ ಮೇಳ ಮಾತ್ರ ತೆಂಕುತಿಟ್ಟಿನದು. ಮಠ ಇರುವುದು ಶರಾವತಿಯ ದಡದಲ್ಲಿ. ಅದರ ಶಿಷ್ಯವರ್ಗ ಘಟ್ಟದ ಮೇಲೆ ಮಾತ್ರವಲ್ಲದೆ ದಕ್ಷಿಣ ಕನ್ನಡ, ಕಾಸರಗೋಡುಗಳಲ್ಲೂ ಹರಡಿದೆ. ಆ ಭಾಗದ ಆಟವೆಂದರೆ ತೆಂಕಿನ ಆಟ. ಹೀಗಾಗಿ ಮಲೆನಾಡಿನ ಊರಿನ ಹೆಸರು ಹೊತ್ತ ಮೇಳವೊಂದು ಬಂಟ್ವಾಳ, ಪುತ್ತೂರು, ಕಾಸರಗೋಡು ಕಡೆಯ ಗದ್ದೆ, ಮೈದಾನಗಳಲ್ಲಿ ರಾತ್ರಿಯಿಡೀ ಚೆಂಡೆ ಬಾರಿಸಿತು. ಪದ್ಯಾಣ ಗಣಪತಿ ಭಟ್ಟರಂಥ ಹೆಸರಾಂತ ಭಾಗವತರು ಇದರ ಹಿಮ್ಮೇಳದಲ್ಲಿದ್ದರು. ಹೊಸನಗರ ಮೇಳದ ತಿರುಗಾಟ ನಿಂತ ಬಳಿಕ ಅಲ್ಲಿನ ಹಲವು ಕಲಾವಿದರು ಹನುಮಗಿರಿ ಮೇಳದಲ್ಲಿ ಮುಂದುವರಿದರು. ಜಯರಾಮ ಆಚಾರ್ಯರೂ ಅವರಲ್ಲಿ ಒಬ್ಬರು.

ಅದಕ್ಕೆ ಮುನ್ನ ಅವರು ಕಂಡ ಮೇಳಗಳ ಪಟ್ಟಿ ದೀರ್ಘವಾದದ್ದು. ಕಟೀಲು, ಪುತ್ತೂರು, ಕದ್ರಿ, ಕುಂಬಳೆ, ಸುರತ್ಕಲ್, ಎಡನೀರು ಹೀಗೆ ತೆಂಕಿನ ಬಹುಪಾಲು ಪ್ರಮುಖ ಮೇಳಗಳ ಹೆಸರು ಅದರಲ್ಲಿ ಬರುತ್ತದೆ. ಈ ಪಟ್ಟಿಯನ್ನು ಊರುಗಳ ಹೆಸರೆಂದು ಓದಿ ಬಿಡುವಂತಿಲ್ಲ. ಒಂದೊಂದು ಬಗೆಯ ಮೇಳವೂ ಹಾಸ್ಯಗಾರನಿಂದ ಬೇರೆ ಬೇರೆ ಕೆಲಸ ಬಯಸುತ್ತದೆ.

ಹರಕೆಯ ಆಟ, ಡೇರೆಯ ಆಟ

ಕಟೀಲಿನಂಥ ಕ್ಷೇತ್ರದ ಮೇಳಗಳು ಆಡುವುದು ಹರಕೆ ಬಯಲಾಟ. ಭಕ್ತರೊಬ್ಬರು ಸೇವೆಯಾಗಿ ಆಟ ಆಡಿಸುತ್ತಾರೆ; ನೋಡುವವರಿಗೆ ಟಿಕೆಟ್ ಇಲ್ಲ. ಅಲ್ಲಿ ದೇವಿಯ ಕಥೆಯೇ ಮುಖ್ಯ. ಹಾಸ್ಯ ಅತಿಯಾದರೆ ಆಡಿಸುವವರ ಮನಸ್ಸಿಗೆ ನೋವಾಗುತ್ತದೆ, ಕಡಿಮೆಯಾದರೆ ನಡುರಾತ್ರಿ ಚಾಪೆ ಹಾಸಿಕೊಂಡ ಪ್ರೇಕ್ಷಕರು ನಿದ್ದೆಗೆ ಜಾರುತ್ತಾರೆ. ಈ ಎರಡರ ನಡುವಿನ ಅಳತೆ ಹಾಸ್ಯಗಾರನಿಗೆ ತಿಳಿದಿರಬೇಕು.

ಸುರತ್ಕಲ್ ಮೇಳದಂಥವು ಡೇರೆ ಮೇಳಗಳು. ಸುತ್ತಲೂ ಬಟ್ಟೆ ಕಟ್ಟಿ, ಕುರ್ಚಿ ಹಾಕಿ, ಟಿಕೆಟ್ ಮಾರಿ ಆಡುತ್ತಿದ್ದ ಆಟಗಳು. ಅಲ್ಲಿ ಸಂಗ್ರಹ ಬಿದ್ದರೆ ಯಜಮಾನನಿಗೆ ನಷ್ಟ. ಪುರಾಣ ಪ್ರಸಂಗಗಳ ಜೊತೆಗೆ ತುಳು ಭಾಷೆಯ ಪ್ರಸಂಗಗಳು ಈ ಡೇರೆಗಳಲ್ಲೇ ಬೆಳೆದು ಜನಪ್ರಿಯವಾದವು. ರಾಜ, ಮಂತ್ರಿಗಳ ಕಥೆಯಲ್ಲೂ ಊರಿನ ಬದುಕು ತೂರಿಬರುವ ಆ ಪ್ರಸಂಗಗಳಲ್ಲಿ ಹಾಸ್ಯಗಾರನಿಗೆ ದೊಡ್ಡ ಪಾಲು. ಕರ್ನಾಟಕ ಮೇಳದ ಮಿಜಾರು ಅಣ್ಣಪ್ಪನವರಂಥವರು ಜನರನ್ನು ಡೇರೆಗೆ ಸೆಳೆಯುವ ಶಕ್ತಿಯಾದದ್ದು ಈ ಹಿನ್ನೆಲೆಯಲ್ಲಿ. ಅಲ್ಲಿ ಹಾಸ್ಯ ಊಟಕ್ಕೆ ಉಪ್ಪಿನಕಾಯಿಯಾಗಿ ಉಳಿಯದೆ ಊಟದ ಎಲೆಯನ್ನೇ ತುಂಬಿತು.

ಜಯರಾಮ ಆಚಾರ್ಯರು ಈ ಎರಡೂ ಬಗೆಯ ರಂಗಗಳಲ್ಲಿ ದುಡಿದವರು. ತುಳು, ಕನ್ನಡ ಎರಡರಲ್ಲೂ ನಗಿಸಬಲ್ಲವರು. ತುಳು ಪ್ರಸಂಗದ ರಂಗಸ್ಥಳದಲ್ಲಿ ಪಳಗಿದ ಕಲಾವಿದನೊಬ್ಬ ಪುರಾಣ ಪ್ರಸಂಗಕ್ಕೆ ಮರಳಿದಾಗ ತನ್ನ ನಾಲಿಗೆಗೆ ಕಡಿವಾಣ ಹಾಕಿಕೊಳ್ಳಬೇಕಾಗುತ್ತದೆ. ಹೊಸನಗರ, ಹನುಮಗಿರಿ ಮೇಳಗಳ ಒತ್ತು ಇದ್ದದ್ದು ಪುರಾಣ ಪ್ರಸಂಗಗಳ ಮೇಲೆ. ಡೇರೆಯ ಸಭೆಯನ್ನು ಕಂಡಿದ್ದ ಹಾಸ್ಯಗಾರರು ಅಲ್ಲಿಗೂ ಒಗ್ಗಿಕೊಂಡರು ಎಂಬುದು ಅವರ ಕಸುಬುದಾರಿಕೆಯನ್ನು ಹೇಳುತ್ತದೆ.

ಒಂದೇ ರಾತ್ರಿ, ಹಲವು ವೇಷ

ಯಕ್ಷಗಾನದಲ್ಲಿ ವೇಷಗಳಿಗೆ ಖಚಿತವಾದ ವಿಂಗಡಣೆ ಇದೆ. ಪುಂಡುವೇಷ, ಕಿರೀಟವೇಷ, ಬಣ್ಣದ ವೇಷ, ಸ್ತ್ರೀವೇಷ ಎಂದು ಒಬ್ಬೊಬ್ಬ ಕಲಾವಿದ ಒಂದೊಂದಕ್ಕೆ ಹೆಸರಾಗಿರುತ್ತಾನೆ. ಹಾಸ್ಯಗಾರನಿಗೆ ಹಾಗೆ ಒಂದು ರೂಪವಿಲ್ಲ. ಸಂಜೆ ದ್ವಾರಪಾಲಕ, ಅನಂತರ ದೂತ, ನಡುರಾತ್ರಿ ಮುದಿ ಬ್ರಾಹ್ಮಣ, ಬೆಳಗಿನ ಜಾವ ಸಾರಥಿ ಅಥವಾ ಅಗಸ, ಹೀಗೆ ಒಂದೇ ರಾತ್ರಿ ನಾಲ್ಕೈದು ಪಾತ್ರಗಳು ಅವನ ಪಾಲಿಗೆ ಬರಬಹುದು. ಕಿರೀಟವಿಲ್ಲ, ಭುಜಕೀರ್ತಿಯಿಲ್ಲ. ಒಂದು ಪಂಚೆ, ಒಂದು ಟೊಪ್ಪಿ, ಹೆಗಲಿಗೊಂದು ಬಟ್ಟೆ, ಮುಖಕ್ಕೆ ಎರಡು ಗೆರೆ. ಚೌಕಿಯಲ್ಲಿ ಬಣ್ಣದ ವೇಷಧಾರಿ ಗಂಟೆಗಟ್ಟಲೆ ಕುಳಿತು ಚುಟ್ಟಿ ಇಡುತ್ತಿದ್ದರೆ ಹಾಸ್ಯಗಾರ ಕೆಲವೇ ನಿಮಿಷಗಳಲ್ಲಿ ವೇಷ ಬದಲಿಸಿ ರಂಗಕ್ಕೆ ಬರುತ್ತಾನೆ. ಮುಂದಿನ ದೊಡ್ಡ ವೇಷ ಇನ್ನೂ ಸಿದ್ಧವಾಗಿಲ್ಲ ಎಂಬ ಸೂಚನೆ ಚೌಕಿಯಿಂದ ಬಂದರೆ ಮಾತನ್ನು ಬೆಳೆಸುವುದೂ, ಸಿದ್ಧವಾಯಿತೆಂದರೆ ಸಭೆಗೆ ತಿಳಿಯದಂತೆ ಮುಗಿಸುವುದೂ ಅವನ ಹೊಣೆ.

ಅವನ ಮಾತಿಗೆ ಎದುರಾಳಿಯಾಗಿ ನಿಲ್ಲುವವರು ಹಲವು ಬಾರಿ ಭಾಗವತರೇ. ದೂತನೊಬ್ಬ ಬಂದು ರಾಜನ ಆಜ್ಞೆಯನ್ನು ಹೇಳುವ ಸಂದರ್ಭದಲ್ಲಿ ಭಾಗವತರು ಒಂದು ಪ್ರಶ್ನೆ ಎಸೆಯುತ್ತಾರೆ. ಉತ್ತರದಲ್ಲಿ ನಗೆ ಹುಟ್ಟುತ್ತದೆ. ಮದ್ದಳೆಗಾರನ ಒಂದು ಪೆಟ್ಟು ಆ ನಗೆಗೆ ಪೂರ್ಣವಿರಾಮವಾಗುತ್ತದೆ. ಇದಕ್ಕೆ ಪೂರ್ವಾಭ್ಯಾಸವಿಲ್ಲ. ವರ್ಷಗಟ್ಟಲೆ ಒಂದೇ ರಂಗದಲ್ಲಿ ದುಡಿದ ಭಾಗವತ, ಹಾಸ್ಯಗಾರರಿಗೆ ಮಾತ್ರ ಇದು ಸಲೀಸು. 2021ರಲ್ಲಿ ನಿಧನರಾದ ಪದ್ಯಾಣ ಗಣಪತಿ ಭಟ್ಟರ ಮತ್ತು ಜಯರಾಮ ಆಚಾರ್ಯರ ವೃತ್ತಿಯ ಹಾದಿಗಳನ್ನು ಅಕ್ಕಪಕ್ಕ ಇಟ್ಟು ನೋಡಿದರೆ ಸುರತ್ಕಲ್, ಎಡನೀರು, ಹೊಸನಗರ, ಹನುಮಗಿರಿ ಎಂಬ ಹೆಸರುಗಳು ಎರಡರಲ್ಲೂ ಕಾಣುತ್ತವೆ.

ಸಂಸ್ಕೃತ ನಾಟಕದ ವಿದೂಷಕನನ್ನು ಇಲ್ಲಿ ನೆನೆಯಬಹುದು. ಕೇರಳದ ಕೂಡಿಯಾಟ್ಟಂನಲ್ಲಿ ಇತರ ಪಾತ್ರಗಳು ಸಂಸ್ಕೃತ, ಪ್ರಾಕೃತಗಳಲ್ಲಿ ಮಾತನಾಡಿದರೆ ವಿದೂಷಕ ಮಾತ್ರ ಮಲಯಾಳದಲ್ಲಿ ಜನರಿಗೆ ಅರ್ಥ ಬಿಡಿಸುತ್ತಾನೆ. ಯಕ್ಷಗಾನದ ಹಾಸ್ಯಗಾರನ ಕೆಲಸವೂ ಅದಕ್ಕೆ ಹತ್ತಿರವಾದದ್ದು. ಕೌರವ, ಭೀಷ್ಮರು ಗ್ರಾಂಥಿಕ ಕನ್ನಡದಲ್ಲಿ ವಾದ ಹೂಡುತ್ತಿರುವ ರಂಗಕ್ಕೆ ಅವನು ಊರ ಮಾತನ್ನು ತರುತ್ತಾನೆ. ಮುದಿ ಭಟ್ಟನಾದರೆ ಹವ್ಯಕರ ಮನೆಮಾತು, ಇನ್ನೊಂದು ಪಾತ್ರವಾದರೆ ತುಳುವಿನ ಎಳೆ. ದೇವಲೋಕದಲ್ಲಿ ನಡೆಯುತ್ತಿದ್ದ ಕಥೆ ಒಂದು ಕ್ಷಣ ನೋಡುವವನ ಅಂಗಳಕ್ಕೆ ಇಳಿಯುತ್ತದೆ.

ನಗೆಯ ಒಳಗಿನ ಅಳಲು

ಹಾಸ್ಯಗಾರನೆಂದರೆ ನಗಿಸುವವನಷ್ಟೇ ಎಂಬ ತಿಳಿವಳಿಕೆಯನ್ನು ಕೆಲವು ಪಾತ್ರಗಳು ಸುಳ್ಳಾಗಿಸುತ್ತವೆ. ಅವುಗಳಲ್ಲಿ ಮೊದಲು ನೆನಪಾಗುವುದು ‘ನಳ ದಮಯಂತಿ’ ಪ್ರಸಂಗದ ಬಾಹುಕ. ರಾಜ್ಯ ಕಳೆದುಕೊಂಡು, ಕಾಡಿನಲ್ಲಿ ಹೆಂಡತಿಯನ್ನು ಬಿಟ್ಟುಹೋದ ನಳನನ್ನು ಕಾರ್ಕೋಟಕ ಸರ್ಪ ಕಚ್ಚುತ್ತದೆ. ಅವನ ರೂಪ ವಿಕಾರವಾಗುತ್ತದೆ. ಆ ರೂಪದಲ್ಲಿ ಬಾಹುಕನೆಂಬ ಹೆಸರಿಟ್ಟುಕೊಂಡು ಅಯೋಧ್ಯೆಯ ಋತುಪರ್ಣನಲ್ಲಿ ಸಾರಥಿಯಾಗಿ ಸೇರುತ್ತಾನೆ. ದಮಯಂತಿಗೆ ಎರಡನೆಯ ಸ್ವಯಂವರವೆಂಬ ಸುದ್ದಿ ಬಂದಾಗ ಋತುಪರ್ಣನನ್ನು ಒಂದೇ ದಿನದಲ್ಲಿ ಅಲ್ಲಿಗೆ ಮುಟ್ಟಿಸಬೇಕಾದವನು ಅವನೇ.

ರೂಪ ಬದಲಾದ ಬಳಿಕ ಈ ಪಾತ್ರ ಸಾಮಾನ್ಯವಾಗಿ ಹಾಸ್ಯಗಾರನ ಪಾಲಿಗೆ ಬರುತ್ತದೆ. ಬಡಕಲು ಕುದುರೆಗಳನ್ನು ಆರಿಸುವುದು, ರಾಜನ ಅವಸರವನ್ನು ಕೆಣಕುವುದು, ಹಾರಿಹೋದ ಉತ್ತರೀಯವನ್ನು ತರಲು ರಥ ನಿಲ್ಲಿಸೆಂದರೆ ಅದು ಆಗಲೇ ಯೋಜನದಷ್ಟು ಹಿಂದೆ ಬಿತ್ತೆಂದು ಹೇಳುವುದು, ಇವೆಲ್ಲ ನಗೆಯ ಸಂದರ್ಭಗಳು. ಆದರೆ ಸಾರಥಿ ಹೊರಟಿರುವುದು ತನ್ನದೇ ಹೆಂಡತಿಯ ಸ್ವಯಂವರಕ್ಕೆ. ಅದು ಸಭೆಗೆ ಗೊತ್ತು, ಋತುಪರ್ಣನಿಗೆ ಗೊತ್ತಿಲ್ಲ. ನಗೆ ಹೆಚ್ಚಿದಷ್ಟೂ ಒಳಗಿನ ಅಳಲು ಹೆಚ್ಚಬೇಕು. ಬಾಹುಕನನ್ನು ಕೇವಲ ಕೋಡಂಗಿಯಾಗಿಸಿದರೆ ಮುಂದೆ ದಮಯಂತಿ ಅವನನ್ನು ಗುರುತಿಸುವ ಸನ್ನಿವೇಶ ಸಪ್ಪೆಯಾಗುತ್ತದೆ. ಈ ಕಾರಣದಿಂದಲೇ ತೆಂಕಿನಲ್ಲಿ ಹಾಸ್ಯಗಾರನ ಮಟ್ಟವನ್ನು ಅಳೆಯಲು ಬಾಹುಕನನ್ನು ಒರೆಗಲ್ಲಾಗಿ ಇಡುವುದುಂಟು.

‘ಭೀಷ್ಮ ವಿಜಯ’ದ ವೃದ್ಧ ಬ್ರಾಹ್ಮಣನದು ಇನ್ನೊಂದು ಬಗೆ. ಭೀಷ್ಮನಿಂದ ಬಿಡುಗಡೆಗೊಂಡು ಸಾಲ್ವನ ಬಳಿಗೆ ಹೊರಟ ಅಂಬೆಗೆ ದಾರಿಯ ಜೊತೆಗಾರನಾಗಿ ಬರುವವನು ಅವನು. ಹಿಂದಿನ ದೃಶ್ಯದಲ್ಲಿ ಅಂಬೆಯ ಮನಸ್ಸು ಒಡೆದಿದೆ, ಮುಂದಿನ ದೃಶ್ಯದಲ್ಲಿ ಅದು ಮತ್ತೂ ಒಡೆಯಲಿದೆ. ನಡುವೆ ಮುದುಕನ ಗೊಣಗಾಟ, ನಡೆಯಲಾರದ ಕಾಲು, ಹಸಿವಿನ ಚಿಂತೆ. ಸಭೆ ನಗಬೇಕು, ಆದರೆ ಅಂಬೆಯನ್ನು ನೋಡಿ ನಗಬಾರದು. ಸ್ತ್ರೀವೇಷಧಾರಿ ಕಟ್ಟಿದ ದುಃಖವನ್ನು ಕೆಡಿಸದೆ ನಗಿಸುವ ಈ ಸಂಯಮಕ್ಕೆ ಅನುಭವವೇ ಗುರು.

‘ಪಾಪಣ್ಣ ವಿಜಯ’ದಲ್ಲಿ ಹಾಸ್ಯಗಾರನೇ ಕಥಾನಾಯಕ. ಕುರೂಪಿಯೆಂದು ಎಲ್ಲರ ತಾತ್ಸಾರಕ್ಕೆ ಗುರಿಯಾದ ಪಾಪಣ್ಣ ರಾಜಕುಮಾರಿ ಗುಣಸುಂದರಿಯ ಗಂಡನಾಗುತ್ತಾನೆ. ಪೆರುವಡಿ ನಾರಾಯಣ ಭಟ್ಟರು ಈ ಪಾತ್ರದೊಡನೆ ಎಷ್ಟು ಬೆರೆತುಹೋದರೆಂದರೆ ತೆಂಕಿನಲ್ಲಿ ಪಾಪಣ್ಣನೆಂದರೆ ಪೆರುವಡಿ ಎಂಬ ಮಾತು ನೆಲೆಯಾಯಿತು. ವಿಟ್ಲ ಗೋಪಾಲಕೃಷ್ಣ ಜೋಯಿಷಿ, ಪೆರುವಡಿ, ಮಿಜಾರು ಇವರೆಲ್ಲ ಹಾಕಿಕೊಟ್ಟ ಹಾದಿಯಲ್ಲಿ ನಡೆದ ಮುಂದಿನ ತಲೆಮಾರಿಗೆ ಜಯರಾಮ ಆಚಾರ್ಯರು ಸೇರುತ್ತಾರೆ. ಬಡಗಿನಲ್ಲಿ ಇಂಥದೇ ಪರಂಪರೆಯನ್ನು ಕುಂಜಾಲು ರಾಮಕೃಷ್ಣ ನಾಯಕ್, ಹಾಲಾಡಿ ಕೊರಗಪ್ಪ ಅವರಂಥವರು ಕಟ್ಟಿದ್ದಾರೆ. ಘಟ್ಟದ ಮೇಲಿನ ಹಿರಿಯರ ನೆನಪಿನಲ್ಲಿ ಉಳಿದಿರುವ ನಗೆ ಹೆಚ್ಚಾಗಿ ಈ ಬಡಗಿನವರದು.

ಮೊದಲು ಕತ್ತರಿ ಬೀಳುವುದು ಎಲ್ಲಿ?

ಜಯರಾಮ ಆಚಾರ್ಯರ ವೃತ್ತಿಜೀವನದ ಕಾಲದಲ್ಲೇ ಆಟದ ಅವಧಿ ಬದಲಾಯಿತು. ಅವರು ಬೆಳೆದದ್ದು ಸಂಜೆ ಪೂರ್ವರಂಗ ಆರಂಭವಾಗಿ ಸೂರ್ಯೋದಯಕ್ಕೆ ಮಂಗಳ ಹಾಡುವ ಆಟಗಳಲ್ಲಿ. ಇತ್ತೀಚಿನ ವರ್ಷಗಳಲ್ಲಿ ಧರ್ಮಸ್ಥಳ ಮೇಳವೂ ಸೇರಿದಂತೆ ಹಲವು ಮೇಳಗಳು ಕಾಲಮಿತಿ ಪ್ರದರ್ಶನಕ್ಕೆ ಹೊರಳಿವೆ. ಸಂಜೆ ಆರಂಭಿಸಿ ನಡುರಾತ್ರಿಯ ಒಳಗೆ ಮುಗಿಸುವ ಪದ್ಧತಿ ಇದು. ಮರುದಿನ ಕೆಲಸಕ್ಕೆ ಹೋಗಬೇಕಾದ ಪ್ರೇಕ್ಷಕರು ಇದನ್ನು ಬಯಸುತ್ತಾರೆ. ಕಲಾವಿದರ ಆರೋಗ್ಯಕ್ಕೂ ಇದು ಒಳ್ಳೆಯದು. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಧ್ವನಿವರ್ಧಕಕ್ಕೆ ನಿರ್ಬಂಧ ಹೇರಿದ 2000ದ ಶಬ್ದಮಾಲಿನ್ಯ ನಿಯಮಗಳ ಒತ್ತಡವೂ ಇದರ ಹಿಂದೆ ಇದೆ.

ಹತ್ತು ಗಂಟೆಗಳ ಆಟವನ್ನು ಐದು ಗಂಟೆಗೆ ಇಳಿಸುವಾಗ ಏನನ್ನು ಬಿಡಬೇಕು ಎಂಬ ಪ್ರಶ್ನೆ ಏಳುತ್ತದೆ. ಕಥೆಯ ಎಳೆ ಇರುವುದು ಪದ್ಯಗಳಲ್ಲಿ. ಪದ್ಯ ಬಿಟ್ಟರೆ ಕಥೆ ತುಂಡಾಗುತ್ತದೆ. ಯುದ್ಧದ ಕುಣಿತ ಬಿಟ್ಟರೆ ಪ್ರೇಕ್ಷಕರು ಒಪ್ಪುವುದಿಲ್ಲ. ಕೋಡಂಗಿ, ಬಾಲಗೋಪಾಲರಿರುವ ಪೂರ್ವರಂಗವನ್ನು ಮೊಟಕುಗೊಳಿಸಲಾಗುತ್ತದೆ. ಅನಂತರ ಪದ್ಯವಿಲ್ಲದ ಹಾಸ್ಯದ ಭಾಗಕ್ಕೆ ಕತ್ತರಿ ಬೀಳುತ್ತದೆ. ದೂತ ಬರುತ್ತಾನೆ, ಸುದ್ದಿ ಹೇಳುತ್ತಾನೆ, ಹೋಗುತ್ತಾನೆ. ಕಥೆಗೆ ಧಕ್ಕೆಯಿಲ್ಲ. ಆದರೆ ಅರ್ಧ ಗಂಟೆ ಸಭೆಯನ್ನು ಹಿಡಿದಿಡುವ ಸಾಮರ್ಥ್ಯವಿದ್ದ ಹಾಸ್ಯಗಾರನಿಗೆ ಐದು ನಿಮಿಷ ಉಳಿದರೆ ಅವನು ಕೈಗೆ ಸುಲಭವಾಗಿ ಸಿಗುವ ನಗೆಯತ್ತ ವಾಲುವ ಅಪಾಯವಿದೆ. ನಿಧಾನವಾಗಿ ಪಾತ್ರ ಕಟ್ಟಿ ನಗಿಸುವುದಕ್ಕೆ ಸಮಯ ಬೇಕು. ಸಿನಿಮಾದ ಒಂದು ಮಾತನ್ನು ತುರುಕಿ ನಗಿಸಲು ಅಷ್ಟು ಸಮಯ ಬೇಡ.

ಇದರ ಪೆಟ್ಟು ಹೆಚ್ಚಾಗಿ ಬೀಳುವುದು ಕಲಿಯುವವರ ಮೇಲೆ. ಹಿಂದೆ ಮೇಳಕ್ಕೆ ಸೇರಿದ ಹುಡುಗ ಕೋಡಂಗಿಯಿಂದ ಆರಂಭಿಸಿ, ಬಾಲಗೋಪಾಲನಾಗಿ, ಸಣ್ಣಪುಟ್ಟ ವೇಷಗಳನ್ನು ಮಾಡುತ್ತಾ ಮೇಲೇರುತ್ತಿದ್ದ. ಹಾಸ್ಯದ ಕಡೆ ಒಲವಿದ್ದವನು ರಾತ್ರಿಯಿಡೀ ಹಿರಿಯ ಹಾಸ್ಯಗಾರನನ್ನು ನೋಡಿ ಕಲಿಯುತ್ತಿದ್ದ. ಕುಣಿತಕ್ಕೆ ತರಬೇತಿ ಕೇಂದ್ರಗಳಿವೆ, ಭಾಗವತಿಕೆಗೆ ಪಾಠವಿದೆ, ಚೆಂಡೆ ಮದ್ದಳೆಗೆ ಗುರುಗಳಿದ್ದಾರೆ. ಹಾಸ್ಯಕ್ಕೆ ಪಠ್ಯವೂ ಇಲ್ಲ, ತರಗತಿಯೂ ಕಡಿಮೆ. ನೋಡಿ ಕಲಿಯುವ ಹೊತ್ತೇ ಕಡಿಮೆಯಾದರೆ ಪರಂಪರೆಯ ಕೊಂಡಿ ಸಡಿಲವಾಗುವುದು ಸಹಜ.

ಶಿವರಾಮ ಕಾರಂತರು ಯಕ್ಷಗಾನದಲ್ಲಿ ನಡೆಸಿದ ಪ್ರಯೋಗಗಳಲ್ಲಿ ಮಾತನ್ನು ಕೈಬಿಟ್ಟು ಹಾಡು, ಕುಣಿತಗಳಿಗೆ ಒತ್ತು ಕೊಟ್ಟದ್ದು ಪ್ರಸಿದ್ಧ. ಭಾಷೆ ತಿಳಿಯದ ಹೊರನಾಡಿನ ಪ್ರೇಕ್ಷಕರಿಗೂ ಅವು ತಲುಪಿದವು. ಮಾತಿಲ್ಲದ ಯಕ್ಷಗಾನದಲ್ಲಿ ಕಿರೀಟವೇಷಕ್ಕೆ ಕುಣಿತವಾದರೂ ಉಳಿಯುತ್ತದೆ. ಹಾಸ್ಯಗಾರನ ಬಂಡವಾಳ ಮುಖ್ಯವಾಗಿ ಮಾತು; ಅದು ಹೋದರೆ ಅವನಿಗೆ ಉಳಿಯುವುದು ಅಲ್ಪ.

ದಾಖಲೆಯಲ್ಲಿ ಉಳಿಯುವುದು, ಉಳಿಯದ್ದು

ಹಿಂದಿನ ತಲೆಮಾರಿನ ಹಾಸ್ಯಗಾರರಿಗೆ ಹೋಲಿಸಿದರೆ ಜಯರಾಮ ಆಚಾರ್ಯರ ವಿಷಯದಲ್ಲಿ ಒಂದು ಸಮಾಧಾನವಿದೆ. ಅವರ ವೃತ್ತಿಯ ಉತ್ತರಾರ್ಧ ಕ್ಯಾಸೆಟ್, ಸಿಡಿ, ಅಂತರಜಾಲದ ವಿಡಿಯೊಗಳ ಕಾಲ. ಹೊಸನಗರ, ಹನುಮಗಿರಿ ಮೇಳಗಳ ಅನೇಕ ಪ್ರದರ್ಶನಗಳನ್ನು ಅಭಿಮಾನಿಗಳು ಚಿತ್ರೀಕರಿಸಿದ್ದಾರೆ. ಪರದೇಶದಲ್ಲಿ ನೆಲೆಸಿದ ಕನ್ನಡಿಗ, ತುಳುವ ಕುಟುಂಬಗಳೂ ಅವನ್ನು ನೋಡುತ್ತವೆ.

ಆದರೆ ಹಾಸ್ಯಗಾರನ ಮಾತು ಆ ರಾತ್ರಿಯ ಸಭೆಗೆಂದು ಹುಟ್ಟಿದ್ದು. ಆ ಊರಿನ ರಸ್ತೆಯ ಹೊಂಡ, ಆ ವರ್ಷದ ಅಡಿಕೆ ಧಾರಣೆ, ಮುಂದಿನ ಸಾಲಿನಲ್ಲಿ ತೂಕಡಿಸುತ್ತಿರುವ ಯಜಮಾನರು, ಯಾವುದಾದರೂ ಅದರೊಳಗೆ ಸೇರಬಹುದು. ಮರುದಿನ ಬೇರೆ ಊರಿನಲ್ಲಿ ಅದೇ ಪಾತ್ರಕ್ಕೆ ಬೇರೆ ಮಾತು. ವಿಡಿಯೊದಲ್ಲಿ ಉಳಿಯುವುದು ಒಂದು ರಾತ್ರಿಯ ಬಾಹುಕ. ಸಭೆಗೆ ತಕ್ಕಂತೆ ಬದಲಾಗುತ್ತಾ ನೂರಾರು ರಾತ್ರಿ ರಂಗಕ್ಕೆ ಬಂದ ಬಾಹುಕ ಅದರಲ್ಲಿ ಸಿಗುವುದಿಲ್ಲ. ಕಲಿಯುವವನು ಒಂದು ವಿಡಿಯೊ ನೋಡಿ ಅದರ ಮಾತನ್ನು ಬಾಯಿಪಾಠ ಮಾಡಿದರೆ ಸಾಲದು. ಆ ಮಾತು ಆ ಗಳಿಗೆಗೆ ಏಕೆ ಒಪ್ಪಿತು, ಎಲ್ಲಿ ನಿಂತಿತು, ಎದುರಿನ ಪಾತ್ರಧಾರಿಗೆ ಹೇಗೆ ದಾರಿ ಬಿಟ್ಟಿತು ಎಂಬುದನ್ನು ಗಮನಿಸಬೇಕು. ಹಿರಿಯ ಹಾಸ್ಯಗಾರರನ್ನು ಕೂರಿಸಿ ಈ ಪ್ರಶ್ನೆಗಳನ್ನು ಕೇಳಿ ದಾಖಲಿಸುವ ಕೆಲಸ ಅವರು ಇರುವಾಗಲೇ ಆಗಬೇಕಾದದ್ದು.

ಸಾಗರ ತಾಲೂಕಿನ ಹೆಗ್ಗೋಡಿನಲ್ಲಿ ನೀನಾಸಂ ಸಂಸ್ಥೆ 1949ರಿಂದ ರಂಗಭೂಮಿಯ ಕೆಲಸ ಮಾಡುತ್ತಾ ಬಂದಿದೆ. ಅಲ್ಲಿ ಕಲಿತ ನಟನಿಗೆ ನಾಟಕದ ಕೃತಿಯೊಂದು ಕೈಯಲ್ಲಿರುತ್ತದೆ. ಪಾತ್ರಧಾರಿ ಬದಲಾದರೂ ಕೃತಿ ಉಳಿಯುತ್ತದೆ. ಯಕ್ಷಗಾನದ ಹಾಸ್ಯಗಾರನಿಗೆ ಅವನೇ ಕೃತಿ. ಅದೇ ಜಿಲ್ಲೆಯ ಇನ್ನೊಂದು ತಾಲೂಕಿನ ಹೆಸರು ಹೊತ್ತ ಮೇಳದಲ್ಲಿ ಜಯರಾಮ ಆಚಾರ್ಯರು ಹಾಗೆ ದುಡಿದರು.

ಮೇ ತಿಂಗಳ ಪತ್ತನಾಜೆಗೆ ಗೆಜ್ಜೆ ಬಿಚ್ಚಿ, ದೀಪಾವಳಿಯ ಬಳಿಕ ಮತ್ತೆ ಕಟ್ಟುವುದು ತೆಂಕಿನ ಮೇಳಗಳ ವಾರ್ಷಿಕ ಕ್ರಮ. 2024ರ ನವೆಂಬರ್‌ನಲ್ಲಿ ಮೇಳಗಳು ಎಂದಿನಂತೆ ಹೊರಟವು. ಪ್ರಸಂಗಗಳು ಅವೇ, ಪದ್ಯಗಳು ಅವೇ. ದೂತನ ವೇಷವನ್ನು ಬೇರೊಬ್ಬರು ಕಟ್ಟಿದರು, ಭಾಗವತರು ಪ್ರಶ್ನೆ ಎಸೆದರು. ಉತ್ತರವನ್ನು ಮಾತ್ರ ಹೊಸಬರು ತಾವೇ ಹುಡುಕಿಕೊಳ್ಳಬೇಕಾಯಿತು.